ಎಡಕ್ಕೆ ಹೊಸೆದ ಹಗ್ಗ

"ಹಗ್ಗ ದಾಟಬೇಡ, ನರ್ಸಮ್ಮ. ಇನ್ನೂ ಒಂಬತ್ತು ದಿನ ಇದೆ," ಎಂದಳು ಕೊ ಅಜ್ಜಿ.

ಬಾಗಿಲಿಗೆ ಅಡ್ಡಲಾಗಿ ಎಡಕ್ಕೆ ಹೊಸೆದ ಹುಲ್ಲುಹಗ್ಗ. ಅದರಲ್ಲಿ ಇದ್ದಿಲ ತುಂಡು, ಪೈನ್ ಮರದ ಚಿಗುರು. ಅಂದರೆ ಒಳಗೆ ಹುಟ್ಟಿದ್ದು ಹೆಣ್ಣು. ಜೆಜು ದ್ವೀಪದಲ್ಲಿ ಹಡೆದ ಮನೆಯ ಹಗ್ಗ ಇಪ್ಪತ್ತೊಂದು ದಿನ ಇಳಿಯುವುದಿಲ್ಲ. ಅಲ್ಲಿಯವರೆಗೆ ಹೊರಗಿನ ಒಂದು ನರಪಿಳ್ಳೆಯೂ ಒಳಗೆ ಕಾಲಿಡುವಂತಿಲ್ಲ. ಸಿಯೋಲ್‌ನಿಂದ ಬಂದು ಮೂರೇ ತಿಂಗಳಾಗಿದ್ದರೂ ನರ್ಸ್ ಪ್ಯೊ ಇನ್ಸುಕ್‌ಗೆ ಅದು ಗೊತ್ತಿತ್ತು. ಹಗ್ಗದಾಚೆಯಿಂದ ಬರುತ್ತಿದ್ದ ವಾಸನೆಯೂ ಗೊತ್ತಿತ್ತು. ಕಡಲಪಾಚಿ ಸಾರಿನ ಘಮದ ಅಡಿಯಲ್ಲಿ ಕೊಳೆತ ಮೀನಿನಂಥ ನಾತ. ಬಾಣಂತಿ ಸುಂದೊಕ್‌ಗೆ ನಾಲ್ಕು ದಿನದಿಂದ ಜ್ವರ. ಇವತ್ತು ಔಷಧ ಬೀಳದಿದ್ದರೆ ಆಕೆಗೆ ನಾಳೆ ಇಲ್ಲ.

"ನಿಮ್ಮ ಸೊಸೆ ಒಳಗೇ ಕೊಳೀತಿದಾಳೆ, ಅಜ್ಜಿ. ಈ ಹಗ್ಗ ಜ್ವರ ಇಳಿಸುತ್ತಾ?"

"ನಾನು ಏಳು ಹೆತ್ತೋಳು. ನನಗೆ ಹೇಳೋಕೆ ಬರ್ತೀಯಾ?"

"ಉಳಿದಿದ್ದು ಎಷ್ಟು?"

ಐವತ್ತು ವರ್ಷ ಕಡಲಲ್ಲಿ ಮುಳುಗಿ ಚಿಪ್ಪು ಹೆಕ್ಕಿದ ಅಜ್ಜಿಯ ಒರಟು ಕೈ ಹಗ್ಗವನ್ನು ಸವರಿತು.

"ಮೂರು," ಎಂದಳು. "ಮಿಕ್ಕಿದ್ದನ್ನ ಆ ಪೀಡೆ ಮುದುಕಿ ಒಯ್ದಳು. ಸತ್ತ ಕೂಸಿನ ಮನೆಯಿಂದ ಹಸಿ ಕೂಸಿನ ಮನೆಗೆ ಅಲೆಯೋಳು ಅವಳು. ಕಾಲಿಲ್ಲ ಅವಳಿಗೆ, ಯಾರದಾದ್ರೂ ಬೆನ್ನು ಬೇಕು. ಅದಕ್ಕೇ ಒಂದೊಂದು ಹುರಿಗೂ ಶಾಪ ಹಾಕಿ ಹೊಸೆದಿದೀನಿ. ಸುಳ್ಳು ಹೇಳಿ ದಾಟಿದೋರಿಗೆ ಅವಳ ಭಾರ ಸಾಯೋವರೆಗೂ ಇರ್ಲಿ ಅಂತ. ಈಗ ಹೇಳು. ಇವತ್ತು ಸಾವಿನ ಮನೆಗೆ ಹೋಗಿದ್ಯಾ?"

ಹೋಗಿದ್ದಳು. ಪಕ್ಕದ ಊರಿನಲ್ಲಿ ಒಂಬತ್ತು ದಿನದ ಕೂಸು ಸೆಟೆದು ಸತ್ತಿತ್ತು. ಬೆಳಿಗ್ಗೆ ಅದನ್ನು ಬಿಳಿ ಬಟ್ಟೆಯಲ್ಲಿ ಸುತ್ತಿದ್ದೇ ಇನ್ಸುಕ್‌ಳ ಕೈ. ಆಮೇಲೆ ಮೊಣಕೈವರೆಗೂ ಸೋಪು ಹಚ್ಚಿ ತಿಕ್ಕಿಕೊಂಡಿದ್ದಳು, ಸೂಜಿ ಕುದಿಸಿದ್ದಳು. ಇನ್ನೆಲ್ಲಿಯ ಮೈಲಿಗೆ? ನಿಜ ಹೇಳಿದರೆ ಈ ಬಾಗಿಲು ತೆರೆಯುವುದಿಲ್ಲ.

"ಇಲ್ಲ," ಎಂದಳು. ನಕ್ಕಳು. "ನಿಮ್ಮ ಮುದುಕಿಗೆ ಬೆನ್ನು ಬೇಕಂದ್ರೆ ಹತ್ತಲಿ ಬಿಡಿ. ಕತ್ತೆ ಹಾಗೆ ದುಡಿದು ಅಭ್ಯಾಸ ಇದೆ ನನಗೆ."

ಹಗ್ಗ ಎತ್ತಿ ಒಳಗೆ ನುಗ್ಗಿದಳು.

ಹೊರಗೆ ಮಟಮಟ ಮಧ್ಯಾಹ್ನ. ಒಳಗೆ ಕಗ್ಗತ್ತಲೆ. ಗಾಳಿ ತಾಗಬಾರದೆಂದು ಕಿಟಕಿಗಳಿಗೆಲ್ಲ ರಜಾಯಿ ಬಿಗಿದಿದ್ದರು. ಅಡಿಯಿಂದ ಬೆಂಕಿಯುಣಿಸಿ ಕಾಯಿಸಿದ ನೆಲ ಅಂಗಾಲನ್ನು ಸುಡುತ್ತಿತ್ತು. ಹೊಗೆ, ಬೆವರು, ಹುಳಿತ ಹಾಲು. ಮೂರನೆಯ ಹೆಜ್ಜೆಗೆ ಇನ್ಸುಕ್‌ಳ ಬೆನ್ನು ತಣ್ಣಗಾಯಿತು. ನಾಲ್ಕನೆಯದಕ್ಕೆ ಭಾರವಾಯಿತು. ಒದ್ದೆ ಹಾಯಿಬಟ್ಟೆ ಹೊದಿಸಿದಂತೆ. ಕುತ್ತಿಗೆಯ ಕೂದಲಲ್ಲಿ ಏನೋ ಬೆರಳಾಡಿಸಿತು.

ದೀಪದ ಮಬ್ಬಿನಲ್ಲಿ ಸುಂದೊಕ್ ಕಣ್ಣು ತೆರೆದಳು. ನೋಟ ನರ್ಸಿನ ಮುಖದ ಮೇಲಿರಲಿಲ್ಲ, ಹೆಗಲಿನಾಚೆಗಿತ್ತು.

"ಅಕ್ಕಾ... ಬೆನ್ನ ಮೇಲೆ ಯಾರನ್ನ ಹೊತ್ಕೊಂಡು ಬಂದೆ?"

ಪಕ್ಕದ ತೊಟ್ಟಿಲಲ್ಲಿ ಕೂಸಿನ ಅಳು ಥಟ್ಟನೆ ನಿಂತಿತು.

ಅಜ್ಜಿ ಒಳಗೆ ಓಡಿಬಂದಳು. ನೋಡಿದಳು. "ಹೊರಗೆ ಹೋಗು! ಅವಳು ಇಳಿಯೋಕೆ ಮೊದಲು ಓಡು!"

"ಸೂಜಿ ಹಾಕದೆ ಹೋಗಲ್ಲ."

ಇನ್ಸುಕ್‌ಳ ಹೆಗಲ ಮೇಲಿಂದ ಒಂದು ಕೈ ಇಳಿಯಿತು. ಉದ್ದದ ಕೈ. ಉಗುರಿಲ್ಲದ ಬೆರಳು. ಇನ್ಸುಕ್ ಔಷಧದ ಶೀಶೆಗೆ ಸೂಜಿ ಚುಚ್ಚಿದಳು. ಬೆರಳು ಕೂಸಿನ ತೊಟ್ಟಿಲತ್ತ ಚಾಚಿತು. ಔಷಧ ಎಳೆದಳು. ಕೂಸಿನ ತುಟಿ ನೀಲಿಯಾಯಿತು. ಇನ್ಸುಕ್ ಸೂಜಿ ಬಿಡಲಿಲ್ಲ.

"ಸುಳ್ಳು ಹೇಳಿದೆ ಅಜ್ಜಿ. ಬೆಳಿಗ್ಗೆ ಒಂದು ಕೂಸಿನ ಹೆಣ ಸುತ್ತಿ ಬಂದೆ. ಈ ಮುದುಕೀನ ನನ್ನ ಬೆನ್ನಿಗೆ ಕಟ್ಟಿಬಿಡಿ."

"ಏನಂದೆ?"

"ಕೂಸನ್ನ ಬೆನ್ನಿಗೆ ಕಟ್ಟೋ ಬಟ್ಟೆ ಇದೆಯಲ್ಲ. ಬಿಗೀರಿ!"

ಅಜ್ಜಿ ಗೂಟದಿಂದ ಬಟ್ಟೆ ಎಳೆದಳು. ಮುದಿಗಣ್ಣಲ್ಲಿ ನೀರು. "ಕಟ್ಟಿದ್ರೆ ಬಿಚ್ಚೋಕಾಗಲ್ಲ ಮಗಳೇ. ಶಾಪ ನಂದೇ. ನನಗೂ ಬಿಚ್ಚೋಕೆ ಬರಲ್ಲ."

"ಕಟ್ಟಿ!"

ಬಟ್ಟೆ ಎದೆ ಸುತ್ತಿತು. ಬೆನ್ನಿನ ಮೇಲೆ ಏನೋ ಒದ್ದಾಡಿತು. ಕಿರುಚಿತು. ಕಚ್ಚಿತು. ಅಜ್ಜಿ ಮೊಣಕಾಲೂರಿ ಗಂಟು ಎಳೆದಳು. ಉದ್ದನೆಯ ಕೈ ಗಾಳಿಯಲ್ಲಿ ಬೆರಳು ಮಡಿಸಿತು. ಸೂಜಿ ಸುಂದೊಕ್‌ಳ ಸೊಂಟಕ್ಕೆ ಇಳಿಯಿತು. ಕೊನೆಯ ಹನಿಯವರೆಗೂ.

ಕೂಸು ಚೀರಿ ಅತ್ತಿತು.

ಇನ್ಸುಕ್ ಎದ್ದಳು, ನೆಟ್ಟಗೆ ನಿಲ್ಲಲಾಗಲಿಲ್ಲ. ಬಾಗಿಕೊಂಡೇ ಹೊರಟಳು. ಮರುದಿನವೂ ಬಂದು ಬಾಗಿಲಲ್ಲೇ ನಿಂತಳು. ಸೂಜಿ ಹಾಕುವುದನ್ನು ಅಲ್ಲಿಂದಲೇ ಹೇಳಿಕೊಟ್ಟಳು, ಅಜ್ಜಿ ಹಾಕಿದಳು. ಐದನೆಯ ದಿನ ಜ್ವರ ಬಿಟ್ಟಿತು.

ಪಟ್ಟಣದ ಡಾಕ್ಟರು ಎಕ್ಸ್‌ರೇ ಹಿಡಿದು, "ಬೆನ್ನಲ್ಲಿ ಏನೂ ಇಲ್ಲವಲ್ರೀ," ಎಂದರು. ಇನ್ಸುಕ್ ಇಪ್ಪತ್ತೇಳನೆಯ ವಯಸ್ಸಿಗೆ ಗೂನಿಯಾದಳು. ಅಂಗಾತ ಮಲಗುವುದು ಆ ಜನ್ಮಕ್ಕೆ ಮುಗಿಯಿತು. ಮದುವೆಗೆ ಗೊತ್ತಾಗಿದ್ದ ಗಂಡು ಕಾಗದ ಬರೆಯುವುದನ್ನು ನಿಲ್ಲಿಸಿದ.

ಆದರೆ ಈಗ ಕರಾವಳಿಯ ಯಾವ ಮನೆಯಲ್ಲಿ ಬಾಣಂತಿಗೆ ಮೈ ಬಿಸಿಯಾದರೂ ಅತ್ತೆಯಂದಿರೇ ಆರೋಗ್ಯ ಕೇಂದ್ರಕ್ಕೆ ಓಡಿ ಬರುತ್ತಾರೆ. ಇನ್ಸುಕ್ ಹೊಸ್ತಿಲಾಚೆಯೇ ಕುಕ್ಕರಗಾಲಲ್ಲಿ ಕೂರುತ್ತಾಳೆ. ಬಾಣಂತಿಯನ್ನು ಚಾಪೆಸಹಿತ ಹಗ್ಗದ ಅಂಚಿಗೆ ಎಳೆದು ತರುತ್ತಾರೆ. ಆಗೆಲ್ಲ ಕಿವಿಯ ಬುಡದಲ್ಲಿ ತಣ್ಣನೆಯ ಉಸಿರು ಗೋಗರೆಯುತ್ತದೆ: "ಇಲ್ಲಿ ಇಳೀಲಾ? ಒಂದೇ ಒಂದು ಸಲ?"

ಇನ್ಸುಕ್ ಎದೆಯ ಮೇಲಿನ ಗಂಟನ್ನು ಇನ್ನೊಂದು ಸುತ್ತು ಬಿಗಿಯುತ್ತಾಳೆ.

"ಸುಮ್ನೆ ಕೂತ್ಕೊಳ್ಳೇ ಮುದುಕಿ. ಇನ್ನೂ ಹನ್ನೊಂದು ಮನೆ ಇದೆ."