ಹಿಂದಿನ ಬೆಂಚಿನ ಗೋಡೆ

"ರೀ, ನಿಲ್ಲಿಸ್ರೀ! ಆ ಗೋಡೆಗೆ ಪೇಂಟ್ ಹೊಡಿ ಅಂತ ಯಾರ್ರೀ ಹೇಳಿದ್ದು?"

ಕುಕ್ಕರುಗಾಲಲ್ಲಿ ಕೂತಿದ್ದವನು ಬ್ರಷ್ ಹಿಡಿದೇ ತಿರುಗಿದ. ಮುಖದಲ್ಲಿ ಮೆಚ್ಚುಗೆಗೆ ಕಾದ ನಗು.

"ಚರ್ಚಿನೋರು ಕಳಿಸಿದ್ರು ಟೀಚರೇ. ನಾನು ರೂಬೆನ್, ಬಡಗಿ. ನೋಡಿ, ಎಷ್ಟು ಬೆಳ್ಳಗಾಯ್ತು..."

"ಇನ್ನೂ ಎಷ್ಟು ಬೆಳ್ಳಗಾಗ್ಬೇಕು ನಮ್ಮ ಚರಿತ್ರೆ?" ಅರ್ಡೆಲಿಯಾ ಚೀರಿದಳು.

ಅಲಬಾಮದ ಆ ಹಳ್ಳಿಯ ಕಪ್ಪು ಜನ ತಾವೇ ಮರ ಕಡಿದು, ಹಲಗೆ ಕೊಯ್ದು ತಮ್ಮ ಮಕ್ಕಳಿಗೆ ಕಟ್ಟಿಕೊಟ್ಟ ಶಾಲೆ ಅದು. ಸಾವಿರದ ಒಂಬೈನೂರ ಎಪ್ಪತ್ತರಲ್ಲಿ ಸರ್ಕಾರದವರು, ಮಕ್ಕಳನ್ನು ಬಿಳಿಯರ ಶಾಲೆಗೆ ಸೇರಿಸುತ್ತೇವೆಂದು ಅದಕ್ಕೆ ಬೀಗ ಜಡಿದರು. ಫೋಟೋ, ಪದಕ, ಪುಸ್ತಕಗಳನ್ನೆಲ್ಲ ತಿಪ್ಪೆಗೆ ಸುರಿದರು. ಒಂದು ಜನಾಂಗದ ಬಾಲ್ಯವನ್ನೇ ಕಸವೆಂದು ಕರೆದರು!

ಉಳಿದದ್ದು ಹಿಂದಿನ ಬೆಂಚಿನ ಗೋಡೆಯ ಮೇಲೊಂದು ಕಪ್ಪು ಪಟ್ಟೆ. ತಾಯಂದಿರು ಬೆಳಗಾಗೆದ್ದು ಎಣ್ಣೆ ಹಚ್ಚಿ, ಬಿಗಿಯಾಗಿ ಜಡೆ ಹೆಣೆದು ಕಳಿಸಿದ ತಲೆಗಳು ಒರಗಿ ಒರಗಿ ಮೂಡಿದ ಗುರುತು.

ಇತಿಹಾಸದ ಟೀಚರ್ ಅರ್ಡೆಲಿಯಾ ಆ ಶಾಲೆಯನ್ನು ವಸ್ತುಸಂಗ್ರಹಾಲಯ ಮಾಡುವ ಹಟ ತೊಟ್ಟಿದ್ದಳು. ತೀರಿಹೋದ ಅವಳ ಅಮ್ಮ ಓದಿದ್ದು ಆ ಬೆಂಚಿನಲ್ಲೇ. ಅಮ್ಮನ ಬಾಲ್ಯದ ಒಂದು ಫೋಟೋ ಕೂಡ ಅವಳ ಬಳಿ ಇರಲಿಲ್ಲ.

"ಅದು ಕೊಳೆ ಅಲ್ಲ ಕಣ್ರೀ... ನಮ್ಮಮ್ಮ ಅದು!"

ರೂಬೆನ್‌ನ ನಗು ಆರಿತು. "ಅದೇನು ಅಂತ ನಂಗೂ ಗೊತ್ತು," ಎಂದಷ್ಟೇ ಹೇಳಿ ಹೊರಟುಹೋದ.

ಗೊತ್ತಿದ್ದೂ ಬಳಿದನೇ?!

ಆದರೂ ಅವನು ದಿನವೂ ಬಂದ. ಸೋರುವ ಸೂರು ರಿಪೇರಿ ಮಾಡಿದ, ಕಿಟಕಿ ಕೂರಿಸಿದ. ಅವಳು ಮಾತಾಡಲಿಲ್ಲ. ಆದರೆ ಸುತ್ತಿಗೆಯ ಸದ್ದು ನಿಂತರೆ ಅವಳ ಓದೂ ನಿಲ್ಲುತ್ತಿತ್ತು. 'ಛೀ, ಈ ಕಿವಿಗೆ ಮಾನವಿಲ್ಲ...'

ಊರಿಗೆಲ್ಲ ಹಿರಿಯಳಾದ ಲೂವೀನಿಯಜ್ಜಿಯ ಕಣ್ಣಿಗೆ ಇದು ಬೀಳದಿರುತ್ತದೆಯೇ?

"ಏನೇ ಹುಡುಗೀ, ಸತ್ತೋರ ಕತೆ ಕೇಳ್ಕೊಂಡು ಮನೆಮನೆ ತಿರುಗ್ತೀಯ. ಬದುಕಿರೋನ್ನ ಒಂದ್ಮಾತು ಕೇಳೋಕೆ ನಾಲಿಗೆ ಸವೆದುಹೋಗತ್ತಾ?"

ಮೋಡ ಕವಿದ ಸಂಜೆ. ರೂಬೆನ್ ಶಾಲೆಯ ಮೆಟ್ಟಿಲ ಮೇಲೆ ಕೂತಿದ್ದ. ಅರ್ಡೆಲಿಯಾ ಎದುರು ನಿಂತಳು.

"ಗೊತ್ತಿದ್ದೂ ಯಾಕೆ ಬಳಿದ್ರಿ?"

ಅವನು ಕೈಯಲ್ಲಿದ್ದ ಸುತ್ತಿಗೆ ಕೆಳಗಿಟ್ಟ.

"ಈ ಶಾಲೆ ಮುಚ್ಚಿದಾಗ ನಂಗೆ ಏಳು ವರ್ಷ. ಬಿಳಿಯರ ಶಾಲೇಲಿ ಟೀಚರು ನನ್ನ ಕುರ್ಚಿ ಬೆನ್ನಿಗೆ ಪೇಪರ್ ಅಂಟಿಸಿದ್ಲು... ನಿನ್ನ ತಲೆ ಎಣ್ಣೆ ಮೆತ್ಕೊಳ್ಳತ್ತೆ ಅಂತ. ಕ್ಲಾಸೆಲ್ಲ ನಕ್ಕಿತು. ಮನೆಗೆ ಬಂದು, ಎಣ್ಣೆ ಹಚ್ಚೋ ಅಮ್ಮನ ಕೈ ತಳ್ಳಿಬಿಟ್ಟೆ. ಆಮೇಲೆ ಅವಳು ನನ್ನ ತಲೆ ಮುಟ್ಲೇ ಇಲ್ಲ... ಈ ಗೋಡೆ ನೋಡಿದಾಗ, ನಮ್ಮೋರನ್ನ ಕಂಡು ಇನ್ಯಾರೂ ನಗಬಾರ್ದು ಅನ್ನಿಸ್ತು."

ಇಷ್ಟು ದಿನ ಯಾರ ಮೇಲೆ ಕಾರಬೇಕಾದ ಬೆಂಕಿಯನ್ನು ಯಾರ ಮೇಲೆ ಕಾರಿದೆ! ಅವಳ ಕಣ್ಣು ತುಂಬಿತು.

"ಕೆರೆದು ತೆಗೀಲಾ? ಅಡೀಲಿ ಪಟ್ಟೆ ಉಳಿದಿರ್ಬಹುದು..." ಎಂದ ರೂಬೆನ್.

"ಕೆರೆದ್ರೆ ಅದೂ ಹೋಗತ್ತೆ. ಹಾಗೇ ಇರ್ಲಿ. ಈ ಬಿಳಿ ಯಾಕೆ ಬಂತು ಅಂತ ಬಂದೋರಿಗೆಲ್ಲ ಹೇಳೋಣ. ನೀನೇ ಹೇಳ್ಬೇಕು ರೂಬೆನ್."

"ನನ್ನಿಂದಾಗಲ್ಲ. ಗಂಟಲು ಕಟ್ಟತ್ತೆ."

"ಕಟ್ಟಿದ ಕಡೆಯಿಂದ ನಾನು ಹೇಳ್ತೀನಿ. ಪಕ್ಕದಲ್ಲೇ ಇರ್ತೀನಲ್ಲ."

"ಎಷ್ಟು ದಿನ?"

ಅವಳು ಮೆಟ್ಟಿಲ ಮೇಲೆ ಅವನ ಪಕ್ಕ ಕೂತು, ಅವನ ಕೂದಲೊಳಗೆ ಮೆಲ್ಲನೆ ಬೆರಳಿಟ್ಟಳು. ಅವನು ಬೆಚ್ಚಿದ. ಆದರೆ ಕೈ ತಳ್ಳಲಿಲ್ಲ.

"ನಡುಗ್ತಿದ್ದೀಯಲ್ಲೋ..."

"ಅಭ್ಯಾಸ ತಪ್ಪಿಹೋಗಿದೆ."

"ಆಗತ್ತೆ ಬಿಡು."