ಓರೆಯಾದ ಚಾಕೊಲೇಟ್ ಪದರ

“ರೀ... ಬಾಗಿಲು ಮುಚ್ಚಿ! ಮೊದಲು ಆ ಬಾಗಿಲು ಮುಚ್ಚಿ!”

ರೆಸ್ಟೋರೆಂಟಿನ ಅಡುಗೆಮನೆಯ ಆ ತುದಿಯಿಂದ ಬಂದ ಕೂಗಿಗೆ ಫ್ರಿಜ್ಜಿನೊಳಗೆ ತಲೆ ತೂರಿಸಿ ಕುಳಿತಿದ್ದವನು ಬೆಚ್ಚಿಬಿದ್ದ. ಎದ್ದ ರಭಸಕ್ಕೆ ಹಣೆ ಮೇಲಿನ ಹಲಗೆಗೆ ಫಟ್ಟನೆ ಬಡಿಯಿತು.

“ಒಳಗೆ ಏನಿದೆ ಅಂತ ಗೊತ್ತಾ ನಿಮಗೆ? ಬೆಳಿಗ್ಗೆ ಆರು ಗಂಟೆಯಿಂದ ನಿಂತು ಮಾಡಿರೋದು. ಚಾಕೊಲೇಟ್ ಇನ್ನೂ ಗಟ್ಟಿಯಾಗಿಲ್ಲ. ಈ ಸೆಕೇಲಿ ಬಾಗಿಲು ಪೂರ್ತಿ ತೆಗೆದಿಟ್ಟು ಕೂತ್ರೆ ಏನಾಗತ್ತೆ?”

ಅವನು ಹಣೆ ಉಜ್ಜಿಕೊಳ್ಳುತ್ತಾ ಬಾಗಿಲು ಮುಚ್ಚಿದ.

“ಮೆಕ್ಯಾನಿಕ್ ರೀ ನಾನು. ತಂಪು ಸಾಲ್ತಿಲ್ಲ ಅಂತ ನೀವೇ ಕರೆಸಿದ್ದು. ಬಾಗಿಲು ತೆಗೀದೆ ಫ್ರಿಜ್ ಹೇಗೆ ನೋಡ್ಲಿ?”

“ಅದು ನಿಮ್ಮ ತಲೆನೋವು!”

ಪಾತ್ರೆ ತೊಳೆಯುವ ಅಕ್ಕ ಸಿಂಕಿನ ಹತ್ತಿರ ಮುಸಿಮುಸಿ ನಕ್ಕಳು. ಹೀಗೆ ಕೂಗಾಡುವ ಈ ಅಡುಗೆಯ ಹುಡುಗಿಗೆ ‘ಕಿಡಿ’ ಎಂದು ಅಡ್ಡಹೆಸರಿಟ್ಟವಳೇ ಅವಳು. ಆ ರೆಸ್ಟೋರೆಂಟಿನ ಯಜಮಾನಿಯೂ ಈಗ ಅದೇ ಹೆಸರಿನಿಂದ ಕರೆಯುತ್ತಿದ್ದಳು.

ಮೆಕ್ಯಾನಿಕ್ ಕೂಡ ನಕ್ಕ. ಹಣೆಯಲ್ಲಿ ಬುಗುಟು ಎದ್ದಿತ್ತು, ಆದರೂ ನಗು!

‘ಇಷ್ಟು ಬೈಸಿಕೊಂಡೂ ಹಲ್ಲು ಕಿರೀತಾನಲ್ಲ... ಎಂಥ ಮನುಷ್ಯ ಇವನು!’ ಎಂದು ಕಿಡಿ ಮುಖ ತಿರುಗಿಸಿಕೊಂಡಳು. ಆದರೆ ಆ ನಗು ಮಧ್ಯಾಹ್ನದವರೆಗೂ ಕಣ್ಣೆದುರೇ ಇತ್ತು. ಅದಕ್ಕೂ ಅವನ ಮೇಲೇ ಸಿಟ್ಟು ಬಂತು.

ಅವಳ ಸಿಟ್ಟಿಗೆ ಕಾರಣವಿಲ್ಲದಿರಲಿಲ್ಲ. ಫ್ರಿಜ್ಜಿನಲ್ಲಿದ್ದ ಆ ದೊಡ್ಡ ಟ್ರೇಯ ಮೇಲೆ ಅವಳ ನಾಳೆಯೆಲ್ಲ ನಿಂತಿತ್ತು. ಯಜಮಾನಿ ಸಿಹಿ ತಿನಿಸಿಗೆಂದೇ ಬೇರೆ ವಿಭಾಗ ತೆರೆಯುವವಳಿದ್ದಳು. “ನೋಡಮ್ಮಾ ಕಿಡಿ, ಮೂರು ಶನಿವಾರ ಕೊಡ್ತೀನಿ. ನಿಂದೇ ಅನ್ನೋ ಒಂದು ಸಿಹಿ ಮಾಡಿ ತೋರಿಸು. ನಂಗೆ ಒಪ್ಪಿಗೆ ಆದ್ರೆ ವಿಭಾಗ ನಿನ್ನ ಕೈಗೆ. ಆಗದಿದ್ರೆ ಹೊರಗಿನಿಂದ ಯಾರನ್ನಾದ್ರೂ ಕರೆಸ್ತೀನಿ,” ಎಂದಿದ್ದಳು.

ಕಿಡಿ ಆರಿಸಿಕೊಂಡಿದ್ದು ನಾಲ್ಕು ಪದರದ ಸಿಹಿ. ಬೆಣ್ಣೆಯಲ್ಲಿ ಕಲಸಿದ ಬಿಸ್ಕತ್ತಿನ ಪುಡಿಯನ್ನು ಲೋಟದ ತಳದಿಂದ ಒತ್ತಿ ಒತ್ತಿ ಮೊದಲ ಪದರ. ಅದರ ಮೇಲೆ ನೊರೆಯಾಗುವಷ್ಟು ಕಡೆದ ಪೀನಟ್ ಬಟರ್ ಮತ್ತು ಕ್ರೀಮ್ ಚೀಸ್. ಮೂರನೆಯದು ಚಾಕೊಲೇಟ್. ಕೊನೆಗೆ ಬಿಳಿ ಕ್ರೀಮು, ಮೇಲೆ ಹುರಿದ ಕಡಲೆಬೀಜದ ಚೂರು.

ಕಷ್ಟವಿದ್ದದ್ದು ಮೂರನೆಯದರಲ್ಲೇ. ಬಿಸಿಯಾಗಿ ಸುರಿದರೆ ಕೆಳಗಿನ ಪೀನಟ್ ಬಟರ್ ಕರಗಿ ಎರಡೂ ಕಲಸಿಹೋಗುತ್ತಿತ್ತು. ತಣ್ಣಗಾಗಲು ಬಿಟ್ಟರೆ ಮುದ್ದೆಯಾಗುತ್ತಿತ್ತು. ಬೆರಳಿಗೆ ಉಗುರುಬೆಚ್ಚಗೆ ತಾಗುವ ಹೊತ್ತಿಗೆ ಸರಿಯಾಗಿ ಸುರಿದು, ಅಲ್ಲಾಡಿಸದೆ ಎತ್ತಿ, ಫ್ರಿಜ್ಜಿನಲ್ಲಿಟ್ಟು ಮೂರು ಗಂಟೆ ಕಾಯಬೇಕಿತ್ತು.

ಆ ಹೊತ್ತನ್ನು ಅವಳು ಗಡಿಯಾರ ನೋಡದೆ ಹಿಡಿಯುತ್ತಿದ್ದಳು. ಅದು ಅವಳ ಹೆಮ್ಮೆ. ಕತ್ತರಿಸಿದ ತುಂಡನ್ನು ಪಕ್ಕದಿಂದ ನೋಡಿದರೆ ನಾಲ್ಕು ಗೆರೆಯೂ ಸ್ಕೇಲ್ ಇಟ್ಟು ಎಳೆದಂತಿರಬೇಕು, ಅದೂ ಹೆಮ್ಮೆಯೇ. ಅಪ್ಪ ಮೂವತ್ತೈದು ವರ್ಷ ಗೋಡೆ ಕಟ್ಟಿದ ಮೇಸ್ತ್ರಿ. “ನಮ್ಮನೆಯವರ ಕೈ ಸೊಟ್ಟ ಹೋಗಲ್ಲ,” ಎನ್ನುವುದು ಆ ಮನೆಯಲ್ಲಿ ದಿನಬೆಳಗಾದರೆ ಕೇಳುವ ಮಾತು.

ಅಂಥ ಕೈ ಅವತ್ತೇ, ಮೊದಲ ಶನಿವಾರವೇ ಸೊಟ್ಟ ಹೋಯಿತು!

ಯಜಮಾನಿ ಟ್ರೇಯ ಮುಂದಿನ ಸಾಲಿನಿಂದ ಒಂದು ತುಂಡು, ಹಿಂದಿನ ಸಾಲಿನಿಂದ ಒಂದು ತುಂಡು ತೆಗೆದು ಅಕ್ಕಪಕ್ಕ ಇಟ್ಟಳು. ಒಂದರಲ್ಲಿ ಚಾಕೊಲೇಟ್ ಅರ್ಧ ಬೆರಳಿನಷ್ಟೂ ಇಲ್ಲ. ಇನ್ನೊಂದರಲ್ಲಿ ಒಂದು ಬೆರಳು ದಪ್ಪ.

“ಏನಮ್ಮಾ ಇದು? ಈ ತುಂಡು ಸಿಕ್ಕವರು ಚಾಕೊಲೇಟ್ ಎಲ್ಲಿ ಅಂತ ಹುಡುಕ್ಬೇಕು. ಆ ತುಂಡು ಸಿಕ್ಕವರಿಗೆ ಬರೀ ಚಾಕೊಲೇಟೇ!”

ಕಿಡಿಯ ಮುಖ ಸಪ್ಪೆಯಾಯಿತು. ಎರಡನೇ ಶನಿವಾರ ಅವಳು ಉಸಿರು ಬಿಗಿಹಿಡಿದು ಮಾಡಿದಳು. ಮತ್ತೆ ಅದೇ ಕಥೆ! ಚಾಕೊಲೇಟ್ ಪದರ ಓರೆಯಾಗಿಯೇ ಕೂತಿತ್ತು.

“ರುಚಿ ಚೆನ್ನಾಗಿದೆ, ಸುಳ್ಳು ಹೇಳಲ್ಲ,” ಎಂದಳು ಯಜಮಾನಿ. “ಆದ್ರೆ ನಿನ್ನ ಕೈ ಸ್ಥಿರ ಇಲ್ಲ ಅನ್ಸತ್ತೆ. ಇನ್ನೊಂದೇ ಶನಿವಾರ.”

ಕೈ ಸ್ಥಿರ ಇಲ್ಲ...! ಆ ಒಂದು ಮಾತು ಅವಳ ಎದೆಯಲ್ಲಿ ಮುಳ್ಳಿನ ಹಾಗೆ ಕೂತುಬಿಟ್ಟಿತು.

ಭಾನುವಾರ ಮನೆಯ ಜಗಲಿಯಲ್ಲಿ ಕುಳಿತು ಅವಳು ಎರಡೂ ಅಂಗೈಗಳನ್ನು ತಿರುಗಿಸಿ ತಿರುಗಿಸಿ ನೋಡಿಕೊಳ್ಳುತ್ತಿದ್ದಳು. ಅಪ್ಪ ಪೇಪರ್ ಮಡಚಿಟ್ಟು ಪಕ್ಕದಲ್ಲಿ ಕುಳಿತರು.

“ಏನು ಮಗಳೇ, ಕೈಯಲ್ಲಿ ಏನಾದ್ರೂ ಬರೆದಿದ್ಯಾ?”

“ಅಪ್ಪಾ... ನನ್ನ ಕೈ ನಡುಗತ್ತಾ? ನಿಜ ಹೇಳು.”

ಅಪ್ಪ ಎಲ್ಲವನ್ನೂ ಕೇಳಿಸಿಕೊಂಡರು.

“ಪೀನಟ್ ಬಟರ್ ಪದರ ನೆಟ್ಟಗಿದೆಯಾ?”

“ನೆಟ್ಟಗೇ ಇದೆ.”

“ಅದನ್ನ ಹರಡಿದ್ದು ಯಾರು?”

“ನಾನೇ.”

“ಹಾಗಿದ್ರೆ ಕೈ ಯಾಕೆ ಬೈತೀಯ? ಚಾಕೊಲೇಟ್ ನೀರಾಗಿರತ್ತೆ, ಇಟ್ಟ ಜಾಗ ಹೇಗಿರತ್ತೋ ಹಾಗೆ ಹರಿಯತ್ತೆ. ನನ್ನ ಗೋಡೆ ಓರೆ ಕಂಡ್ರೆ ನಾನು ಮೊದಲು ಕೆಳಗಿನ ನೆಲ ನೋಡ್ತಿದ್ದೆ. ನಾಳೆ ಖಾಲಿ ಟ್ರೇಗೆ ನೀರು ಹಾಕಿ ನೋಡು.”

ಸೋಮವಾರ ಬೆಳಿಗ್ಗೆ ಅವಳು ಮೇಜಿನ ಮೇಲೆ ಟ್ರೇ ಇಟ್ಟು ನೀರು ಸುರಿದಳು. ಸಮವಾಗಿತ್ತು. ಅದನ್ನೇ ಎತ್ತಿ ಫ್ರಿಜ್ಜಿನಲ್ಲಿಟ್ಟಳು. ನೀರು ಮೆಲ್ಲನೆ ಹಿಂದಕ್ಕೆ ಸರಿದು, ಮುಂದಿನ ಅಂಚು ತೆಳುವಾಯಿತು.

ಬಗ್ಗಿ ನೋಡಿದಳು. ಫ್ರಿಜ್ಜಿನ ಮುಂದಿನ ಎರಡು ತಿರುಪಿನ ಕಾಲುಗಳು ಹೊರಗೆ ಬಂದು ಮುಂಭಾಗ ಎತ್ತರವಾಗಿತ್ತು. ತಿರುಗಿಸಿದ ಜಾಗದಲ್ಲಿ ಕಬ್ಬಿಣ ಹೊಸದಾಗಿ ಹೊಳೆಯುತ್ತಿತ್ತು!

‘ಅವನೇ... ಆ ಮೆಕ್ಯಾನಿಕ್! ಬೈದಿದ್ದಕ್ಕೆ ಸೇಡು ತೀರಿಸಿಕೊಂಡಿದ್ದಾನೆ! ಅದಕ್ಕೇ ಅವತ್ತು ಹಾಗೆ ನಕ್ಕಿದ್ದು!’

ನಕ್ಕ ಮುಖ ನೆನಪಾಗಿ ಕಣ್ಣು ತುಂಬಿತು. ಯಾಕೆ ತುಂಬಿತು ಎಂದು ಅವಳಿಗೇ ತಿಳಿಯಲಿಲ್ಲ. ನಮಗೆ ತಿಳಿಯಿತು ಬಿಡಿ.

ಫೋನ್ ಮಾಡಿ, “ಈಗಲೇ ಬನ್ನಿ,” ಎಂದಷ್ಟೇ ಹೇಳಿದಳು. ಅರ್ಧ ಗಂಟೆಯಲ್ಲಿ ಅವನು ಬಂದ. ಅವಳೇ ಕರೆದಳಲ್ಲಾ ಎಂದು ಇಸ್ತ್ರಿ ಮಾಡಿದ ಶರ್ಟು ಹಾಕಿಕೊಂಡು ಬಂದಿದ್ದನ್ನು ಅಕ್ಕ ಮಾತ್ರ ಗಮನಿಸಿದಳು.

“ಈ ಕಾಲು ಎತ್ತಿದ್ದು ನೀವಾ?”

“ಹೌದು, ನಾನೇ. ಯಾಕೆ, ಏನಾ...”

“ನನ್ನ ಮೇಲೆ ಸಿಟ್ಟಿದ್ರೆ ನನ್ನ ಮುಖಕ್ಕೆ ಹೇಳ್ಬೇಕಿತ್ತು! ನನ್ನ ಕೆಲಸದ ಮೇಲೆ ಯಾಕ್ರೀ ತೀರಿಸ್ಕೊಂಡ್ರಿ? ಎರಡು ಶನಿವಾರ ಹಾಳಾಯ್ತು. ನಂಗೆ... ನಂಗೆ ಕೈ ಸ್ಥಿರ ಇಲ್ಲ ಅನ್ನಿಸ್ಕೊಳ್ಳೋ ಹಾಗಾಯ್ತು!”

ಅವನ ನಗು ಮಾಯವಾಯಿತು. ಟ್ರೇಯಲ್ಲಿ ವಾಲಿದ್ದ ನೀರನ್ನು ನೋಡಿದ.

“ತಪ್ಪು ನಂದು,” ಎಂದ ಮೆಲ್ಲನೆ. “ಟ್ರೇ ವಾಲತ್ತೆ ಅಂತ ನಂಗೆ ಹೊಳೀಲೇ ಇಲ್ಲ.”

ಸ್ಪ್ಯಾನರ್ ತೆಗೆದು, ನೆಲದ ಮೇಲೆ ಮೊಣಕಾಲೂರಿ, ಎರಡೂ ಕಾಲು ಇಳಿಸಿದ. ನೀರು ಸಮವಾಗುವವರೆಗೂ ಅಲ್ಲೇ ಇದ್ದ. ಎದ್ದವನು ನೇರ ಯಜಮಾನಿಯ ಕೋಣೆಗೆ ಹೋದ, ಐದು ನಿಮಿಷದಲ್ಲಿ ಹೊರಬಂದು ತಲೆ ತಗ್ಗಿಸಿಕೊಂಡು ಹೊರಟುಹೋದ.

‘ಹೋಗಿ ನನ್ನ ಮೇಲೇ ದೂರು ಹೇಳಿರ್ತಾನೆ. ಹೇಳಲಿ!’ ಎಂದು ಕಿಡಿ ಹಲ್ಲು ಕಚ್ಚಿದಳು.

ಬೆಣ್ಣೆ ತೆಗೆದುಕೊಂಡು ತಿರುಗಿದವಳಿಗೆ ಬೆನ್ನಿಗೆ ತಣ್ಣಗೆ ಗಾಳಿ ಸೋಕಿತು. ಫ್ರಿಜ್ ಬಾಗಿಲು ತೆರೆದೇ ಇತ್ತು. ಹಿಮ್ಮಡಿಯಿಂದ ಒದ್ದು ಮುಚ್ಚಿದಳು. ಹಾಲು ತೆಗೆದಳು. ಮತ್ತೆ ತೆರೆದೇ ಇತ್ತು. ಮತ್ತೆ ಒದ್ದಳು.

ಅವಳ ಕಾಲು ಅಲ್ಲೇ ನಿಂತಿತು.

“ಅಕ್ಕಾ... ಈ ಬಾಗಿಲು ಒದ್ದು ಎಷ್ಟು ದಿನ ಆಯ್ತು ನಾನು?”

“ಒಂದು ಹತ್ತು ದಿನ ಆಗಿರಬೇಕು,” ಎಂದಳು ಅಕ್ಕ, ಕೈ ಒರೆಸಿಕೊಳ್ಳುತ್ತಾ. “ಕಾಲು ಇಳಿಸಿದ ತಕ್ಷಣ ಮತ್ತೆ ಶುರುವಾಯ್ತು ನೋಡು. ಅವತ್ತು ನೀನು ಎರಡೂ ಕೈಯಲ್ಲಿ ಟ್ರೇ ಹಿಡ್ಕೊಂಡು, ಕಾಲಲ್ಲಿ ಒದೀತಾ ಒದ್ದಾಡ್ತಿದ್ದೆ. ಆ ಹುಡುಗ ನಿಂತು ನೋಡ್ತಾನೇ ಇದ್ದ. ಆಮೇಲೆ ನೆಲಕ್ಕೆ ಕೂತು ಏನೋ ತಿರುಗಿಸಿದ. ‘ಮುಂದೆ ಸ್ವಲ್ಪ ಎತ್ತರ ಆದ್ರೆ ಬಾಗಿಲು ತಾನಾಗೇ ಮುಚ್ಕೊಳ್ಳತ್ತೆ ಅಕ್ಕಾ, ಅವ್ರಿಗೆ ಸುಲಭ ಆಗತ್ತೆ’ ಅಂದ.”

“ನಂಗ್ಯಾಕೆ ಹೇಳ್ಲಿಲ್ಲ ನೀನು!”

“ನೀನು ಯಾರಿಗೆ ಬಾಯಿ ಬಿಡೋಕೆ ಬಿಡ್ತೀಯ, ತಾಯೀ?”

ಕಿಡಿ ಮೇಜಿಗೆ ಒರಗಿ ನಿಂತಳು. ನಾಚಿಕೆಯಿಂದ ಕಿವಿಯವರೆಗೂ ಬಿಸಿಯಾಯಿತು. ಅಡುಗೆಮನೆಯವರೆಲ್ಲರ ಎದುರು ಬೈದಳು... ಒಂದು ಮಾತು ತಿರುಗಿ ಹೇಳಲಿಲ್ಲವಲ್ಲ ಅವನು!

ಆ ಸಂಜೆಯೇ ಫೋನ್ ಮಾಡಿದಳು. ಅವನು ಎತ್ತಲಿಲ್ಲ. ಮರುದಿನವೂ ಎತ್ತಲಿಲ್ಲ.

ಶನಿವಾರ ಬಂತು. ಬಿಸ್ಕತ್ತು ಒತ್ತಿದಳು, ಪೀನಟ್ ಬಟರ್ ಹರಡಿದಳು. ಚಾಕೊಲೇಟಿಗೆ ಬೆರಳು ತಾಗಿಸಿ, ಈಗ... ಈಗ! ಎಂದು ಸುರಿದಳು. ಮೂರು ಗಂಟೆಯ ಬಳಿಕ ಯಜಮಾನಿ ಚಾಕು ಬಿಸಿನೀರಿನಲ್ಲಿ ಅದ್ದಿ ಕತ್ತರಿಸಿದಳು. ಮುಂದಿನ ತುಂಡು, ಹಿಂದಿನ ತುಂಡು, ನಡುವಿನ ತುಂಡು. ಮೂರನ್ನೂ ಸಾಲಾಗಿಟ್ಟಾಗ ಪದರಗಳು ಒಂದೇ ಉದ್ದದ ಗೆರೆಯಾಗಿ ಕೂಡಿಕೊಂಡವು.

ಯಜಮಾನಿ ಒಂದು ಚಮಚ ತಿಂದಳು, ಇನ್ನೊಂದು ತಿಂದಳು, ಇಡೀ ತುಂಡು ಮುಗಿಸಿದಳು.

“ವಿಭಾಗ ನಿಂದು ಕಣಮ್ಮಾ!”

ಅಕ್ಕ ಸೋಪಿನ ಕೈಯಲ್ಲೇ ಓಡಿಬಂದು ಅವಳನ್ನು ತಬ್ಬಿಕೊಂಡಳು.

“ಸೋಮವಾರ ಆ ಹುಡುಗ ಬಂದು ಹೇಳಿದ,” ಎಂದಳು ಯಜಮಾನಿ. “‘ಮೇಡಂ, ಓರೆಯಾಗಿದ್ದು ನಾನು ಇಟ್ಟ ಫ್ರಿಜ್, ಅವ್ರ ಕೈ ಅಲ್ಲ. ಬೇಕಾದ್ರೆ ನನ್ನನ್ನ ಕೆಲಸದಿಂದ ಬಿಡಿಸಿ, ಆ ಕೈ ಮೇಲೆ ಮಾತ್ರ ಅನುಮಾನ ಪಡಬೇಡಿ’ ಅಂತ. ಆದ್ರೂ ನಾನು ಕಾದೆ. ನಿಂಗೆ ಸಿಕ್ಕಿದ್ದು ಅವನ ಮಾತಿಂದಲ್ಲ, ಈ ತುಂಡಿಂದ. ಅವನಿಗೆ ಇನ್ಮೇಲೆ ಬರಬೇಡ ಅಂದುಬಿಟ್ಟೆ. ಕೇಳದೆ ನನ್ನ ಫ್ರಿಜ್ ಮುಟ್ಟೋರು ನಂಗೆ ಬೇಡ.”

ಕಿಡಿ ಏಪ್ರನ್ ಸರಿಮಾಡಿಕೊಂಡು ನೆಟ್ಟಗೆ ನಿಂತಳು.

“ಮೇಡಂ, ಸಿಹಿ ವಿಭಾಗ ಈಗ ನಂದು ತಾನೇ?”

“ಹೌದು, ಅಂದ್ನಲ್ಲ.”

“ಹಾಗಿದ್ರೆ ಅದರ ಫ್ರಿಜ್ ಯಾರು ನೋಡ್ಕೋಬೇಕು ಅನ್ನೋದೂ ನಾನೇ ಹೇಳ್ತೀನಿ. ಅವ್ರೇ ಬರ್ತಾರೆ.”

ಯಜಮಾನಿ ಅವಳನ್ನು ಮೇಲಿಂದ ಕೆಳಗೆ ನೋಡಿದಳು. “ಐದು ನಿಮಿಷ ಆಗಿಲ್ಲ, ಆಗಲೇ ಅಧಿಕಾರ! ಹೋಗು, ಕರ್ಕೊಂಡು ಬಾ.”

ಅವನ ವರ್ಕ್‌ಶಾಪ್ ಎರಡು ಬೀದಿ ಆಚೆಗಿತ್ತು. ಬಾಗಿಲು ಕಳಚಿದ ಹಳೆಯ ಫ್ರಿಜ್ಜುಗಳ ನಡುವೆ ಅವನು ಸ್ಟೂಲಿನ ಮೇಲೆ ಕುಳಿತು ಏನನ್ನೋ ಉಜ್ಜುತ್ತಿದ್ದ. ಅವಳನ್ನು ಕಂಡು ಗಡಬಡಿಸಿ ಎದ್ದ.

“ಫೋನ್ ಯಾಕೆ ಎತ್ತಲ್ಲ ನೀವು?”

“ಬೈಯೋದು ಇನ್ನೂ ಬಾಕಿ ಇದೆಯೇನೋ ಅಂದ್ಕೊಂಡೆ.”

ಅವಳಿಗೆ ನಗು ಬಂತು. ಅದರ ಹಿಂದೆಯೇ ಅಳುವೂ ಬಂತು. “ತಪ್ಪಾಯ್ತು ರೀ. ನಂಗೆ ಬಾಗಿಲಿನ ವಿಷಯ ಗೊತ್ತಿರ್ಲಿಲ್ಲ. ಒಂದು ಮಾತು ಹೇಳ್ಬಾರ್ದಿತ್ತಾ?”

“ಏನಂತ ಹೇಳ್ಲಿ? ಒಳ್ಳೇದಕ್ಕೇ ಮಾಡಿದೆ ಅಂದ್ರೆ ಹಾಳಾದ ಟ್ರೇ ಸರಿಹೋಗ್ತಿತ್ತಾ? ಒಳಗಿನ ಹಲಗೆಯ ಹಿಂಬದಿಗೆ ಎರಡು ಬಿಲ್ಲೆ ಕೊಟ್ಟು ಎತ್ತರಿಸಿದ್ರೆ ಬಾಗಿಲೂ ಮುಚ್ಕೊಳ್ತಿತ್ತು, ಟ್ರೇಯೂ ಸಮ ಇರ್ತಿತ್ತು. ಅಷ್ಟು ಬುದ್ಧಿ ಓಡ್ಲಿಲ್ಲ ನಂಗೆ.”

“ಸೋಮವಾರ ಬಂದು ಹಾಗೇ ಮಾಡಿಕೊಡಿ. ವಿಭಾಗದ ಮುಖ್ಯಸ್ಥರ ಅಪ್ಪಣೆ.”

ಅವನು ಒಂದು ಕ್ಷಣ ಅವಳನ್ನೇ ನೋಡಿದ. ಅರ್ಥವಾಯಿತು. ಮುಖ ಅರಳಿತು.

“ಸಿಕ್ತಾ...? ನಿಮಗೇ ಸಿಕ್ತಾ! ನಂಗೊತ್ತಿತ್ತು! ನಂಗೊತ್ತಿತ್ತು ರೀ!”

ತನಗೇ ಸಿಕ್ಕಿದಂತೆ ಕುಣಿದಾಡುತ್ತಿದ್ದ ಅವನನ್ನು ಅವಳು ಕಣ್ತುಂಬ ನೋಡಿದಳು. ತಂದಿದ್ದ ಸಿಹಿಯ ಡಬ್ಬಿ ತೆರೆದು, ಒಂದು ಚಮಚ ತೆಗೆದು ಮುಂದೆ ಚಾಚಿದಳು. ಅವನು ಗ್ರೀಸು ಮೆತ್ತಿದ ಕೈಗಳನ್ನು ತೋರಿಸಿದ.

“ಬಾಯಿ ತೆಗೀರಿ,” ಎಂದಳು ಅವಳು.

ತಿಂದು ಕಣ್ಣು ಮುಚ್ಚಿದವನು ತುಸು ಹೊತ್ತು ಕಣ್ಣು ತೆರೆಯಲೇ ಇಲ್ಲ.

“ಒಂದು ಮಾತು ಹೇಳ್ತೀನಿ, ಬೈಬೇಡಿ. ಅವತ್ತು ನೀವು ಕೂಗಿದಾಗಲೇ... ತನ್ನ ಕೆಲಸನ ಇಷ್ಟು ಪ್ರೀತಿಸೋರ ಪಕ್ಕ ಬದುಕ್ಬೇಕು ಅನ್ನಿಸ್ತು. ಈಗ ನೋಡಿ, ನಿಮಗೆ ಸಿಕ್ಕಿದ್ದಕ್ಕೆ ನನ್ನ ಎದೆ ಉಬ್ಬಿಹೋಗಿದೆ. ನಾನು ನಿಮಗೆ ಏನೂ ಅಲ್ಲದೇ ಇದ್ರೂ...”

“ಏನೂ ಅಲ್ಲ ಅಂತ ಹೇಳಿದ್ದು ಯಾರು?”

ಅವಳು ಗ್ರೀಸನ್ನೂ ಲೆಕ್ಕಿಸದೆ ಅವನ ಕೈ ಹಿಡಿದಳು.

“ನಾಳೆ ಮನೆಗೆ ಬನ್ನಿ. ಅಪ್ಪ ಇರ್ತಾರೆ.”

“ಅಯ್ಯೋ... ಏನಂತ ಬರ್ಲಿ? ಫ್ರಿಜ್ ಓರೆ ಇಟ್ಟ ಮೆಕ್ಯಾನಿಕ್ ಅಂತಾನಾ?”

“ನೀವು ಸುಮ್ನೆ ನನ್ನ ಪಕ್ಕ ನಿಂತ್ಕೊಳ್ಳಿ,” ಎಂದಳು ಕಿಡಿ, ತಲೆಯೆತ್ತಿ. “ಇವ್ರು ನಮ್ಮೋರು ಅಂತ ನಾನೇ ಹೇಳ್ತೀನಿ.”