ನಾಲ್ಕು ನಿಮಿಷ ಮೊದಲು

"ಯಾರು ಕಳಿಸಿದ್ದು ನಿಮ್ಮನ್ನು? ಮೊದಲು ಅದನ್ನು ಹೇಳಿ!"

ಕೈಯಲ್ಲಿದ್ದ ನೋಟ್‌ಬುಕ್ಕನ್ನು ಯಾರೋ ಸರ್ರನೆ ಕಸಿದುಕೊಂಡಾಗ ಉಝ್ಮಾ ಬೆಚ್ಚಿ ತಲೆಯೆತ್ತಿದಳು.

ಎದುರಿಗೆ ನಿಂತಿದ್ದ ಯುವಕ ಅವಳ ನೋಟ್‌ಬುಕ್ಕಿನ ಹಾಳೆಗಳನ್ನು ತಿರುವುತ್ತಿದ್ದ. ಹುಬ್ಬು ಗಂಟಿಕ್ಕಿತ್ತು.

2006ರ ಆಗಸ್ಟ್. ಬಿ.ಸಿ.ರೋಡಿನ ಬಸ್ ನಿಲ್ದಾಣದಲ್ಲಿ ಬೆಳಗಿನ ಎಂಟು ಗಂಟೆಯ ಗದ್ದಲ. ಆ ಗದ್ದಲದ ನಡುವೆಯೂ ನಾಲ್ಕಾರು ಜನ ತಿರುಗಿ ನೋಡಿದರು.

"ಮೂರು ದಿನದಿಂದ ನೋಡ್ತಾ ಇದ್ದೇನೆ. ನಮ್ಮ ಬಸ್ಸು ಎಷ್ಟು ಗಂಟೆಗೆ ಬಿಟ್ಟಿತು, ಎಷ್ಟು ಜನ ಹತ್ತಿದರು... ಎಲ್ಲ ಬರೆದುಕೊಳ್ತಿದ್ದೀರಿ. ಯಾವ ಕಂಪೆನಿಯವರು ನೀವು?"

"ಕಂಪೆನಿಯೂ ಇಲ್ಲ, ಎಂಥದ್ದೂ ಇಲ್ಲ! ನಾನು ಮೂಡುಬಿದಿರೆಯಲ್ಲಿ ಎಂಸಿಎ ಕಲಿಯುವುದು. ಇದು ನನ್ನ ಪ್ರಾಜೆಕ್ಟ್. ಕಂಪ್ಯೂಟರಿನಲ್ಲಿ ಏಜೆಂಟರನ್ನು ಮಾಡ್ತಾ ಇದ್ದೇನೆ."

"ಏಜೆಂಟರಾ?" ಅವನು ಗಂಟಲು ಹರಿಯುವಂತೆ 'ಬೆಳ್ತಂಗಡಿ, ಬೆಳ್ತಂಗಡಿ' ಎಂದು ಕೂಗಿ ಬಸ್ಸಿಗೆ ಜನ ಹತ್ತಿಸುತ್ತಿದ್ದ ಏಜೆಂಟರತ್ತ ಕೈ ತೋರಿಸಿದ. "ಇಷ್ಟು ಜನ ಸಾಲದಾ? ಇನ್ನೂ ಮಾಡಬೇಕಾ?"

ಕೋಪದಲ್ಲಿದ್ದ ಉಝ್ಮಾಳಿಗೆ ನಗು ತಡೆಯಲಾಗಲಿಲ್ಲ. ಅವನ ಮುಖ ಕೆಂಪಾಯಿತು.

ಅವನ ಹೆಸರು ನೌಫಲ್. ಬಿ.ಸಿ.ರೋಡಿನಿಂದ ಬೆಳ್ತಂಗಡಿ ದಾಟಿ ಕಕ್ಕಿಂಜೆಯವರೆಗೆ ನಾಲ್ಕು ಬಸ್ಸು ಓಡಿಸುವ ಅಬೂಬಕ್ಕರ್ ಹಾಜಿಯ ಸೋದರಳಿಯ. ಬಿ.ಕಾಂ. ಮುಗಿಸಿ ಮಾವನ ಬಸ್ಸುಗಳ ಉಸ್ತುವಾರಿ ನೋಡಿಕೊಳ್ಳುತ್ತಿದ್ದ.

ಉಝ್ಮಾಳ ತಂದೆ ಇಬ್ರಾಹಿಂ ಅವರದ್ದು ಅದೇ ದಾರಿಯಲ್ಲಿ ಒಂದೇ ಒಂದು ಬಸ್ಸು. ಅವರೇ ಮಾಲೀಕ, ಅವರೇ ಡ್ರೈವರ್. ಬಸ್ಸಿನ ಹಣೆಯ ಮೇಲೆ ದೊಡ್ಡ ಅಕ್ಷರದಲ್ಲಿ ಮಗಳ ಹೆಸರು: ಉಝ್ಮಾ.

ಅದು ಗೊತ್ತಾದ ಮೇಲೆ ನೌಫಲ್ ನೋಟ್‌ಬುಕ್ಕನ್ನು ಎರಡೂ ಕೈಯಲ್ಲಿ ಹಿಡಿದು ವಾಪಸು ಕೊಟ್ಟ.

"ತಪ್ಪಾಯ್ತು. ಆದರೆ... ಆ ಏಜೆಂಟರು ಯಾರು ಅಂತ ಒಮ್ಮೆ ತೋರಿಸ್ತೀರಾ?"

* * *

ಮುಂದಿನ ಶನಿವಾರವೇ ಅವನು ಮೂಡುಬಿದಿರೆಗೆ ಬಂದ. ಕಾಲೇಜಿನ ಲ್ಯಾಬಿನಲ್ಲಿ ಉಝ್ಮಾ ಪರದೆ ತೋರಿಸಿದಳು. ಒಂದು ಗೆರೆ, ಅದು ರಸ್ತೆ. ಪುಂಜಾಲಕಟ್ಟೆ, ಮಡಂತ್ಯಾರು, ಗುರುವಾಯನಕೆರೆ ಎಂದು ಸ್ಟಾಪುಗಳು. ಪ್ರತಿ ಸ್ಟಾಪಿನಲ್ಲೂ ಬಣ್ಣಬಣ್ಣದ ಚುಕ್ಕಿಗಳು.

"ಈ ಒಂದೊಂದು ಚುಕ್ಕಿಯೂ ಒಬ್ಬ ಪ್ರಯಾಣಿಕ. ಇದನ್ನೇ ಏಜೆಂಟ್ ಅನ್ನುವುದು. ಹಳದಿಯವರಿಗೆ ಅರ್ಜೆಂಟು, ಮೊದಲು ಬಂದ ಬಸ್ಸು ಹತ್ತುತ್ತಾರೆ. ನೀಲಿಯವರಿಗೆ ಕಂಡಕ್ಟರ್ ಪರಿಚಯ, ಅವನಿಗಾಗಿ ಸ್ವಲ್ಪ ಕಾಯುತ್ತಾರೆ. ಬಸ್ಸುಗಳೂ ಏಜೆಂಟರೇ. ನಿನ್ನೆ ಜನ ಕಡಿಮೆಯಾದರೆ ಇವತ್ತು ಸಮಯ ಬದಲಾಯಿಸಿ ನೋಡುತ್ತವೆ."

"ಆಮೇಲೆ?"

"ಆಮೇಲೆ ನಾನು ಏನೂ ಹೇಳುವುದಿಲ್ಲ. ಬಿಟ್ಟು ನೋಡುವುದು ಅಷ್ಟೆ. ಯಾರು ಗೆಲ್ಲುತ್ತಾರೆ, ಯಾರು ಮುಳುಗುತ್ತಾರೆ ಅಂತ ಅವರೇ ತೋರಿಸಿಕೊಡುತ್ತಾರೆ."

ನೌಫಲ್ ಕಣ್ಣು ಮಿಟುಕಿಸದೆ ನೋಡಿದ. ಪರದೆಯನ್ನಷ್ಟೇ ಅಲ್ಲ... ಅದು ಅವಳಿಗೂ ತಿಳಿಯಿತು!

ಮೂರು ತಿಂಗಳು ಹೇಗೆ ಕಳೆಯಿತೋ. ಅವನು ತನ್ನ ಬಸ್ಸುಗಳ ಜನರ ಲೆಕ್ಕವಿದ್ದ ಟ್ರಿಪ್ ಶೀಟು ತಂದುಕೊಡುತ್ತಿದ್ದ, ಅವಳು ಚುಕ್ಕಿಗಳನ್ನು ತಿದ್ದುತ್ತಿದ್ದಳು. 'ನೀವು' ಹೋಗಿ 'ನೀನು' ಬಂತು. ಸಂಜೆ ಆರಕ್ಕೆ ಸರಿಯಾಗಿ ಅವನ ಫೋನು. ಒಂದು ದಿನ ತಡವಾದರೂ ಅವಳಿಗೆ ಚಡಪಡಿಕೆ.

ನವೆಂಬರಿನಲ್ಲಿ ಕೆಲಸ ಮುಗಿಯಿತು. ಉಝ್ಮಾ ಎರಡು ಹಾಳೆ ಪ್ರಿಂಟ್ ತೆಗೆದು ನೌಫಲ್‌ನ ಕೈಗಿಟ್ಟಳು.

ಮೊದಲನೆಯದರಲ್ಲಿ ಎಲ್ಲ ಬಸ್ಸುಗಳೂ ಹನ್ನೆರಡು ನಿಮಿಷದ ಅಂತರದಲ್ಲಿ ಹೊರಡುತ್ತಿದ್ದವು. ಯಾರ ಬಸ್ಸೂ ಭರ್ತಿ ಇಲ್ಲ, ಆದರೆ ಎಲ್ಲರೂ ಉಳಿಯುತ್ತಾರೆ.

ಎರಡನೆಯದು ಅವಳ ಕಾಲೇಜಿನ ಮೇಷ್ಟ್ರು ಕೇಳಿದ ಪ್ರಶ್ನೆಗೆ ಉತ್ತರ: ದೊಡ್ಡವನು ಚಿಕ್ಕವನನ್ನು ಹೊರಹಾಕಬೇಕೆಂದರೆ ಏನು ಮಾಡಬೇಕು? ಹೆಚ್ಚೇನಿಲ್ಲ, ಅವನ ಬಸ್ಸಿಗಿಂತ ನಾಲ್ಕು ನಿಮಿಷ ಮೊದಲು ಒಂದು ಬಸ್ಸು ಬಿಟ್ಟರೆ ಸಾಕು. ಅರುವತ್ತು ದಿನಕ್ಕೆ ಆ ಚಿಕ್ಕವನದ್ದು, ಪರದೆಯ ಮೂರನೇ ಬಸ್ಸು, ನಿಂತುಹೋಗುತ್ತದೆ.

"ಮೂರನೇ ಬಸ್ಸು ನಮ್ಮದು, ಬಾಪನದ್ದು," ಎಂದಳು ಉಝ್ಮಾ. "ಎರಡನೇ ಹಾಳೆ ಯಾರಿಗೂ ತೋರಿಸಬೇಡ ಆಯ್ತಾ?"

"ಎಂಥ ಮಾತು ಉಝ್ಮಾ! ನನ್ನ ಮೇಲೆ ಅಷ್ಟೂ ನಂಬಿಕೆ ಇಲ್ವಾ?"

ಇತ್ತು. ಬೇಕಾದ್ದಕ್ಕಿಂತ ಹೆಚ್ಚೇ ಇತ್ತು.

* * *

'ಉಝ್ಮಾ' ಬಿ.ಸಿ.ರೋಡಿನಿಂದ ಹೊರಡುವುದು ಎಂಟು ಹತ್ತಕ್ಕೆ.

ಜನವರಿಯ ಒಂದು ಬೆಳಿಗ್ಗೆ ಹಾಜಿಯ ಹೊಸ ಬಸ್ಸೊಂದು ಎಂಟು ಆರಕ್ಕೆ ಹೊರಟಿತು. ಮರುದಿನವೂ ಎಂಟು ಆರಕ್ಕೆ. ಅದರ ಮರುದಿನವೂ.

ಮಧ್ಯಾಹ್ನ ಊಟಕ್ಕೆ ಕೂತಾಗ ಇಬ್ರಾಹಿಂ ಮಾಮೂಲಿನಂತೆ ಹೇಳಿದರು, "ಹಾಜಿಯವರದ್ದು ಹೊಸ ಟೈಮಿಂಗ್ ಬಂದಿದೆ. ನಮಗಿಂತ ನಾಲ್ಕು ನಿಮಿಷ ಮೊದಲು. ಮಡಂತ್ಯಾರಿನಲ್ಲಿ ಒಂದು ನರಪಿಳ್ಳೆಯೂ ಇಲ್ಲ ಮಗಾ."

ಉಝ್ಮಾಳ ಕೈಯಲ್ಲಿದ್ದ ತುತ್ತು ತಟ್ಟೆಗೆ ಬಿತ್ತು.

ನಾಲ್ಕು ನಿಮಿಷ... ಮೂರಲ್ಲ, ಐದಲ್ಲ. ನಾಲ್ಕು!

ಆ ಸಂಖ್ಯೆಯನ್ನು ಹುಡುಕಲು ಅವಳು ಹನ್ನೊಂದು ದಿನ ಲ್ಯಾಬಿನಲ್ಲಿ ಕೂತಿದ್ದಳು. ಲೋಕದಲ್ಲಿ ಅದು ಗೊತ್ತಿದ್ದದ್ದು ಮೇಷ್ಟ್ರನ್ನು ಬಿಟ್ಟರೆ ಇಬ್ಬರಿಗೆ. ಅವಳಿಗೆ... ಮತ್ತು ಅವನಿಗೆ.

'ಇಲ್ಲ. ನೌಫಲ್ ಹಾಗೆ ಮಾಡಲಾರ,' ಎಂದುಕೊಂಡಳು. ಹಾಗಾದರೆ ಮತ್ತೆ ಯಾರು?

ಅವಳು ಬಿ.ಸಿ.ರೋಡಿಗೆ ಹೋದಳು. ಹಾಜಿಯ ಆಫೀಸಿನ ಬಾಗಿಲಲ್ಲಿ ನೌಫಲ್ ಅವಳನ್ನು ಕಂಡದ್ದೇ ಬಿಳಿಚಿಕೊಂಡ. ಆ ಮುಖವೇ ಉತ್ತರ ಹೇಳಿತು.

"ಕೊಟ್ಟೆಯಾ?"

"ಉಝ್ಮಾ, ಸ್ವಲ್ಪ ಕೇಳು..."

"ಕೊಟ್ಟೆಯಾ ಇಲ್ವಾ? ಅಷ್ಟು ಹೇಳು!"

"ಕೊಟ್ಟೆ." ಅವನ ಸ್ವರ ಕೇಳಿಸದಷ್ಟು ಸಣ್ಣದಾಗಿತ್ತು. "ಎರಡೂ ಕೊಟ್ಟೆ. ಎರಡನೆಯದು ನೋಡಿದರೆ ಮಾಮನಿಗೆ ಮೊದಲನೆಯದರ ಬೆಲೆ ಗೊತ್ತಾಗ್ತದೆ ಅಂತ ಎಣಿಸಿದೆ. ಎಲ್ಲರೂ ಸಮಯ ಹಂಚಿಕೊಂಡು ಹೋಗುವ ಅಂತ ಹೇಳಿದೆ. ಅವರು ಮೊದಲ ಹಾಳೆ ಮಡಚಿ ಬದಿಗಿಟ್ಟರು. ಎರಡನೆಯದನ್ನು... ಎರಡು ಸಲ ಓದಿದರು."

"ಯಾವಾಗ?"

ಅವನು ತಲೆ ತಗ್ಗಿಸಿದ. "ಹದಿನೇಳು ದಿನ ಆಯ್ತು."

ಹದಿನೇಳು ದಿನ! ಉಝ್ಮಾ ಮನಸ್ಸಿನಲ್ಲೇ ಎಣಿಸಿದಳು. ಹದಿನೇಳು ಸಂಜೆ, ಹದಿನೇಳು ಫೋನು. ಊಟ ಆಯ್ತಾ ಅಂದಿದ್ದ. ನಿನ್ನ ನಗು ಕೇಳದೆ ನಿದ್ದೆ ಬರುವುದಿಲ್ಲ ಅಂದಿದ್ದ.

"ಹಾಳೆ ಕೊಟ್ಟದ್ದಕ್ಕೆ ನೀನು ದಡ್ಡ ಅಂತ ಬಿಟ್ಟುಬಿಡಬಹುದಿತ್ತು," ಎಂದಳು. ಕಣ್ಣಲ್ಲಿ ನೀರಿರಲಿಲ್ಲ. "ಆದರೆ ಬಾಪನ ಬಸ್ಸಿಗೆ ಗುಂಡಿ ತೋಡಿದ್ದು ಗೊತ್ತಿದ್ದೂ, ದಿನಾ ನನ್ನ ಹತ್ತಿರ ನಗ್ತಾ ಮಾತಾಡಿದೆಯಲ್ಲ... ಅದಕ್ಕೆ ಏನು ಹೆಸರು ನೌಫಲ್?"

"ನೀನು ಬಿಟ್ಟು ಹೋಗ್ತೀಯ ಅಂತ ಹೆದರಿದೆ."

"ಈಗ ಹೋಗ್ತಾ ಇದ್ದೇನೆ."

ಅಂದಿನಿಂದ ಸಂಜೆ ಆರಕ್ಕೆ ಫೋನು ಬಡಿದುಕೊಂಡರೂ ಅವಳು ಎತ್ತಲಿಲ್ಲ.

* * *

ಕಂಪ್ಯೂಟರ್ ಅರುವತ್ತು ದಿನ ಎಂದಿತ್ತು. 'ಉಝ್ಮಾ' ಮೂವತ್ತೆಂಟನೇ ದಿನಕ್ಕೇ ನಿಂತಿತು.

ಹದಿನೈದು ವರ್ಷ ಕಂಡಕ್ಟರಾಗಿದ್ದ ನೋಣಯ್ಯ ಟಿಕೆಟ್ ಚೀಲವನ್ನು ಇಬ್ರಾಹಿಂ ಅವರ ಕೈಗಿತ್ತು, "ಬಸ್ಸು ಮತ್ತೆ ಬಿಡುವಾಗ ಒಂದು ಮಾತು ಹೇಳಿ ಧಣಿ, ಬರ್ತೇನೆ," ಎಂದು ಹೇಳಿ ಹೋದ. ಪಾಣೆಮಂಗಳೂರಿನ ಮನೆಯ ಪಕ್ಕದ ಖಾಲಿ ಜಾಗದಲ್ಲಿ ಬಸ್ಸು ಸುಮ್ಮನೆ ನಿಂತಿತು. ಇಬ್ರಾಹಿಂ ದಿನಾ ಬೆಳಿಗ್ಗೆ ಅದರ ಗಾಜು ಒರೆಸುತ್ತಿದ್ದರು. ಎಲ್ಲಿಗೂ ಹೋಗದ ಬಸ್ಸಿನ ಗಾಜು!

ಕಿಟಕಿಯಿಂದ ಅದನ್ನು ನೋಡಿದಾಗಲೆಲ್ಲ ಉಝ್ಮಾ ಜಗಲಿಯವರೆಗೆ ಹೋಗಿ ತಿರುಗಿ ಬರುತ್ತಿದ್ದಳು. 'ಹೇಳಿಬಿಡಬೇಕು ಬಾಪನಿಗೆ. ನಾಳೆ ಹೇಳುತ್ತೇನೆ...' ಆ ನಾಳೆ ಬರಲೇ ಇಲ್ಲ.

ಒಂದು ಶುಕ್ರವಾರ ಕಾಲೇಜಿನಿಂದ ಬಂದಾಗ ತಂದೆ ಜಗಲಿಯಲ್ಲಿ ಕೂತಿದ್ದರು.

"ಹಾಜಿಯವರ ಅಳಿಯ ಬಂದಿದ್ದ, ನೌಫಲ್ ಅಂತೆ. 'ಕಾಕ, ನಿಮ್ಮ ಬಸ್ಸು ನಿಂತದ್ದು ನನ್ನಿಂದ' ಅಂದ. ಕಂಪ್ಯೂಟರಿನಲ್ಲಿ ಲೆಕ್ಕ ಹಾಕಿ ನಾಲ್ಕು ನಿಮಿಷದ ಉಪಾಯ ಕಂಡುಹಿಡಿದದ್ದು ತಾನೇ ಅಂತೆ."

ಉಝ್ಮಾ ಬಾಗಿಲಲ್ಲೇ ನಿಂತಳು. "ತಾನೇ ಅಂದನಾ?"

"ಹೌದು. ಎರಡು ಬೈದೆ. ತಲೆ ತಗ್ಗಿಸಿ ಕೇಳಿಸಿಕೊಂಡ. ಹೋಗು ಅಂದರೂ ಸ್ವಲ್ಪ ಹೊತ್ತು ಹೋಗಲಿಲ್ಲ."

ನನ್ನ ಹೆಸರು ಬರದ ಹಾಗೆ ತಪ್ಪನ್ನೆಲ್ಲ ತಲೆಯ ಮೇಲೆ ಹೊತ್ತುಕೊಂಡಿದ್ದಾನೆ! ಒಂದು ಕ್ಷಣ ಅವಳ ಎದೆ ಕರಗಿತು. ಮರುಕ್ಷಣ ಬೆಂಕಿ ಹತ್ತಿತು.

"ಸುಳ್ಳು ಬಾಪ! ಅವನಿಗೆ ಆ ಲೆಕ್ಕದ ತಲೆಬುಡ ಗೊತ್ತಿಲ್ಲ. ಅದು ನನ್ನ ಕೆಲಸ. ನಾನೇ ಮಾಡಿದ್ದು... ನಾನೇ ಅವನ ಕೈಗೆ ಕೊಟ್ಟದ್ದು."

ಚುಕ್ಕಿಗಳು, ಎರಡು ಹಾಳೆ, ಅರುವತ್ತು ದಿನ ಎಲ್ಲ ಹೇಳುತ್ತ ಹೇಳುತ್ತ ಅವಳು ಹೊಸ್ತಿಲಲ್ಲೇ ಕೂತಳು. ಇಷ್ಟು ದಿನ ಬಾರದ ಅಳು ಒಮ್ಮೆಲೇ ಬಂತು.

ಇಬ್ರಾಹಿಂ ಎದ್ದು ಬಂದು ಅವಳ ಪಕ್ಕ ಕೂತರು. "ಯಾವಾಗದಿಂದ ಗೊತ್ತಿತ್ತು ನಿನಗೆ?" ಎಂದರು.

"ಮೂರನೇ ದಿನದಿಂದ."

"ನನಗೆ ಯಾಕೆ ಹೇಳಲಿಲ್ಲ?"

"ಹೆದರಿಕೆ ಆಯ್ತು ಬಾಪ. ನೀವು ನನ್ನನ್ನು..."

ಮಾತು ಅಲ್ಲೇ ಕಡಿಯಿತು. ಇದೇ ಉತ್ತರವನ್ನು ಅವಳು ಇನ್ನೊಬ್ಬರ ಬಾಯಿಂದ ಕೇಳಿದ್ದಳು. ಅಂದು ಅದಕ್ಕೆ ಕ್ಷಮೆಯಿಲ್ಲ ಎಂದುಕೊಂಡಿದ್ದಳು.

ತಂದೆ ಅವಳ ತಲೆಯ ಮೇಲೆ ಕೈಯಿಟ್ಟರು. "ಆ ಚುಕ್ಕಿಗಳು ಅರುವತ್ತು ದಿನಕ್ಕೆ ನಿಂತವಾ? ಅದರ ಮುಂದೆ ಏನಾಗ್ತದೆ ಅಂತ ನೋಡಿದ್ದೀಯಾ?"

ನೋಡಿರಲಿಲ್ಲ.

* * *

ಮಾರ್ಚಿನ ಮೊದಲ ಭಾನುವಾರ ಬಿ.ಸಿ.ರೋಡಿನಲ್ಲಿ ಬಸ್ ಮಾಲೀಕರ ಸಭೆ. ಇಬ್ರಾಹಿಂ ಮಗಳನ್ನು ಕರೆದುಕೊಂಡು ಬಂದದ್ದು ನೋಡಿ ಕೆಲವರು ಮುಸಿಮುಸಿ ನಕ್ಕರು. ಮುಂದಿನ ಸಾಲಿನಲ್ಲಿ ಅಬೂಬಕ್ಕರ್ ಹಾಜಿ. ಹಿಂದೆ ಗೋಡೆಗೊರಗಿ ನೌಫಲ್... ಬಹಳ ಸೊರಗಿದ್ದ. ಉಝ್ಮಾ ಆ ಕಡೆ ನೋಡಲಿಲ್ಲ.

ಅವಳು ಕಾಲೇಜಿನಿಂದ ತಂದ ಲ್ಯಾಪ್‌ಟಾಪ್ ತೆರೆದಳು.

"ಇದು ಅರುವತ್ತನೇ ದಿನ. ಮೂರನೇ ಬಸ್ಸು ನಿಂತಿದೆ. ನಾನು ಇಲ್ಲಿಗೇ ಮುಗಿಸಿದ್ದೆ, ಅದು ನನ್ನ ತಪ್ಪು. ಈಗ ಮುಂದೆ ನೋಡಿ."

ಚುಕ್ಕಿಗಳು ಚಲಿಸಿದವು. ಎಂಟು ಆರರ ಬಸ್ಸು ತಪ್ಪಿದವರು ನಿಂತರು, ಕಾದರು. ಮೊದಲಾದರೆ ಹಿಂದೆಯೇ ಇನ್ನೊಂದು ಬಸ್ಸು ಬರುತ್ತಿತ್ತು. ಈಗ ಇಲ್ಲ. ಎರಡು ದಿನ ಕಾದ ಚುಕ್ಕಿ ಮೂರನೇ ದಿನ, ಸೀಟಿನ ಲೆಕ್ಕದಲ್ಲಿ ಬಾಡಿಗೆಗೆ ಜನ ಒಯ್ಯುವ ಸರ್ವಿಸ್ ಜೀಪು ಹತ್ತಿತು. ಜೀಪು ಹತ್ತಿದವರು ಬಸ್ಸಿಗೆ ತಿರುಗಿ ಬರಲೇ ಇಲ್ಲ. ನೂರಿಪ್ಪತ್ತನೇ ದಿನಕ್ಕೆ ಹಾಜಿಯ ಬಸ್ಸುಗಳೂ ಅರ್ಧ ಖಾಲಿ!

ಮುಸಿಮುಸಿ ನಕ್ಕವರು ಕುರ್ಚಿ ಮುಂದೆಳೆದು ಕೂತರು.

"ಕಂಪ್ಯೂಟರ್ ಆಟ!" ಎಂದರು ಹಾಜಿ. ಆದರೆ ಸ್ವರದಲ್ಲಿ ಗಟ್ಟಿತನ ಇರಲಿಲ್ಲ.

"ಆಟ ಅಲ್ಲ ಮಾಮ." ಹಿಂದಿನಿಂದ ನೌಫಲ್ ಮುಂದೆ ಬಂದ. "ಮಡಂತ್ಯಾರಿನಲ್ಲಿ ಬೆಳಿಗ್ಗೆ ಈಗ ಏಳು ಜೀಪು ನಿಲ್ತದೆ. ಡಿಸೆಂಬರಿನಲ್ಲಿ ಎರಡಿತ್ತು. ನಮ್ಮ ಟ್ರಿಪ್ ಶೀಟು ನಾನು ದಿನಾ ನೋಡ್ತೇನೆ. ಇವಳು ತೋರಿಸಿದ್ದು ಆಗಲೇ ಶುರುವಾಗಿದೆ. ಎಲ್ಲರ ಎದುರೇ ಹೇಳ್ತೇನೆ... ಇವಳ ಲೆಕ್ಕವನ್ನು ಇವಳಿಗೆ ಹೇಳದೆ ನಿಮಗೆ ಕೊಟ್ಟದ್ದು ನಾನು."

ಹಾಜಿಯ ಮುಖ ಕಪ್ಪಿಟ್ಟಿತು. ಅಳಿಯನನ್ನು ಉರಿಗಣ್ಣಿನಿಂದ ನೋಡಿ, ಮತ್ತೆ ಪರದೆ ನೋಡಿದರು. ಆಮೇಲೆ ಇಬ್ರಾಹಿಂ ಅವರ ಕಡೆ ತಿರುಗಿದರು.

"ಆ ಇನ್ನೊಂದು ಹಾಳೆಯಲ್ಲಿ... ಎಷ್ಟು ಅಂತರ ಇತ್ತು ಮಾರಾಯ, ಹನ್ನೆರಡಾ?"

"ಹನ್ನೆರಡು," ಎಂದರು ಇಬ್ರಾಹಿಂ.

* * *

ಹನ್ನೆರಡು ನಿಮಿಷದ ಅಂತರಕ್ಕೆ ಒಪ್ಪಿ, ಸಭೆ ಮುಗಿಸಿ ಎಲ್ಲರೂ ಚಹಾಕ್ಕೆ ಹೋದರು. ಉಝ್ಮಾ ವೈರು ಸುತ್ತುತ್ತಿದ್ದಳು. ನೌಫಲ್ ನಾಲ್ಕು ಹೆಜ್ಜೆ ದೂರದಲ್ಲಿ ನಿಂತ.

"ಕ್ಷಮಿಸು ಅಂತ ಕೇಳುವುದಿಲ್ಲ. ಕೇಳುವ ಮುಖ ಇಲ್ಲ ನನಗೆ."

"ನನ್ನ ಕೆಲಸವನ್ನು ನಿನ್ನದು ಅಂತ ಬಾಪನಿಗೆ ಹೇಳಲಿಕ್ಕೆ ಮುಖ ಇತ್ತಾ?"

"ಅದು... ನಿನಗೆ ಬೈಗುಳ ಬೀಳದೆ ಇರಲಿ ಅಂತ."

"ಇನ್ನು ನನಗೆ ಬೀಳಬೇಕಾದ ಬೈಗುಳ ನನಗೇ ಬೀಳಲಿ."

ಅವಳ ಕಣ್ಣು ತುಂಬಿತ್ತು. ಸಿಟ್ಟು ಹೋಗಿರಲಿಲ್ಲ. ನೋವೂ ಹೋಗಿರಲಿಲ್ಲ. ಆದರೆ ಅವನಿಲ್ಲದ ಸಂಜೆಗಳು ಎಷ್ಟು ಉದ್ದ ಎಂಬುದೂ ಅವಳಿಗೆ ಗೊತ್ತಾಗಿತ್ತು.

"ನನಗೆ ನೀನು ಬೇಕು ಉಝ್ಮಾ," ಎಂದ ನೌಫಲ್. "ಎಷ್ಟು ದಿನ ಬೇಕಾದರೂ ಸಿಟ್ಟು ಮಾಡು. ಆದರೆ ನೀನು ಬೇಕು."

ಅವಳು ವೈರಿನ ಸುರುಳಿಗೆ ಗಂಟು ಹಾಕಿದಳು.

"ನನಗೂ," ಎಂದಳು ಕೊನೆಗೆ, ತಲೆಯೆತ್ತದೆ. "ಅದೇ ನನ್ನ ಕಷ್ಟ. ಆದರೆ ಒಂದು ಮಾತು ಕೊಡು. ಎಂಥ ಕೆಟ್ಟ ಸುದ್ದಿ ಇದ್ದರೂ ಅದೇ ದಿನ ಹೇಳಬೇಕು. ನಾನು ಅಳಲಿ, ಬೈಯಲಿ... ಅದೇ ದಿನ."

"ಅದೇ ದಿನ ಹೇಳ್ತೇನೆ. ಅಲ್ಲಾಹನಾಣೆ." ಅವನು ತಡವರಿಸಿದ. "ಈಗಲೇ... ಒಂದು ಉಂಟು."

ಉಝ್ಮಾ ಥಟ್ಟನೆ ತಲೆಯೆತ್ತಿದಳು. "ಏನು?"

"ಮಾಮ ಈಗಷ್ಟೇ ನನ್ನನ್ನು ಕೆಲಸದಿಂದ ತೆಗೆದರು."

ಅವಳು ಅವನ ಮುಖ ನೋಡಿದಳು. ನೋಡುತ್ತ ನೋಡುತ್ತ, ಎರಡು ತಿಂಗಳ ಮೇಲೆ ಮೊದಲ ಸಲ, ಕಣ್ಣೀರಿನ ನಡುವೆಯೇ ನಕ್ಕುಬಿಟ್ಟಳು.

"ಒಳ್ಳೆಯದಾಯ್ತು! ಬಾ, ಚಹಾ ಆರ್ತದೆ. ಈ ಸುದ್ದಿ ಬಾಪನಿಗೆ ನೀನೇ ಹೇಳು, ಇವತ್ತೇ."